ಗೋಡೆಯ ಕಡೆಗೆ ಸರಿದ ರಾಮಲಿಂಗಣ್ಣ

ರಾಮಲಿಂಗಣ್ಣ ವರ್ಷವರ್ಷವೂ ಮೈದಾನದಲ್ಲಿ ಒಂದಷ್ಟು ಹಿಂದಕ್ಕೆ ಸರಿಯುತ್ತ ಬಂದ ಮನುಷ್ಯ. ನಾನು ತಂಡಕ್ಕೆ ಸೇರಿದಾಗ ಅವನು ಮುಂದಿನ ಸಾಲಿನಲ್ಲಿ ಗೋಲು ಹೊಡೆಯುವವನು. ಉಸಿರು ಸಾಲದಾದಾಗ ನಡುವಿಗೆ ಬಂದ. ಮಂಡಿ ಕೈಕೊಟ್ಟ ಮೇಲೆ ಡಿಫೆನ್ಸಿಗೆ ಇಳಿದ. ಕೊನೆಗೆ ನನ್ನ ಜಾಗಕ್ಕೇ, ಗೋಲಿಗೇ ಬಂದು ನಿಂತುಬಿಟ್ಟ. ಗೋಲಿನ ಹಿಂದೆ ಬಲೆ. ಬಲೆಯ ಹಿಂದೆ ಎದೆಮಟ್ಟದ ಗೋಡೆ. ಗೋಡೆಯಾಚೆ ನಮ್ಮ ಪೇಟೆಯ ಸ್ಮಶಾನ.

"ಭಾವಾ, ಬರೋ ವರ್ಷ ಎಲ್ಲಿ ಆಡ್ತೀಯಾ?" ಎಂದು ಅವನ ಹೆಂಡತಿಯ ತಮ್ಮ ಮಂಜ ಒಮ್ಮೆ ಕೇಳಿದ. ಎಲ್ಲರೂ ನಕ್ಕೆವು. ನಗುತ್ತಲೇ ಗೋಡೆಯ ಕಡೆ ನೋಡಿದೆವು, ನಗು ಅಲ್ಲಿಗೇ ನಿಂತುಹೋಯಿತು. ರಾಮಲಿಂಗಣ್ಣ ಮಾತ್ರ ಇನ್ನೂ ನಗುತ್ತಿದ್ದ.

ದೊಡ್ಡಬಳ್ಳಾಪುರದಲ್ಲಿ ಕ್ರಿಕೆಟ್ಟಿಗೆ ಹುಡುಗರು ಸಿಗುತ್ತಾರೆ, ಫುಟ್‌ಬಾಲಿಗೆ ಹುಡುಕಬೇಕು. ಮಗ್ಗದ ಶೆಡ್ಡುಗಳಿಂದ ನಮ್ಮನ್ನೆಲ್ಲ ಎಳೆದು ತಂದು ತಂಡ ಕಟ್ಟಿದವನು ರಾಮಲಿಂಗಣ್ಣ. ಯಾರು ಆಡಬೇಕು, ಎಲ್ಲಿ ಆಡಬೇಕು, ಯಾರು ಹೊರಗೆ ಕೂರಬೇಕು, ಎಲ್ಲ ಅವನದೇ ತೀರ್ಮಾನ. ತಂಡ ನಡೆಸುವವನೂ ಅವನೇ, ಆಡುವವನೂ ಅವನೇ. ಮಗ್ಗದ ಸದ್ದಿನಲ್ಲಿ ಬೆಳೆದವನಿಗೆ ಕಿವಿ ಮಂದ. ಹಾಗಾಗಿ ಮೈದಾನದಲ್ಲೂ ಬಾಯಿಗಿಂತ ಕೈಯೇ ಹೆಚ್ಚು ಮಾತಾಡುತ್ತಿತ್ತು. ಶೆಡ್ಡಿನಲ್ಲಿ ಎಳೆ ತುಂಡಾದರೆ ದೂರದಿಂದಲೇ ಅಂಗೈಯನ್ನು ಕೆಳಮುಖ ಮಾಡಿ ಗಾಳಿಯಲ್ಲಿ ಎರಡು ಸಲ ಒತ್ತುತ್ತಿದ್ದ. ಮಗ್ಗ ನಿಲ್ಲಿಸು ಅಂತ ಅರ್ಥ. ಆಟದ ನಡುವೆ ನಮ್ಮ ಕಡೆ ತಿರುಗಿ ಅದೇ ಕೈ ಮಾಡಿದನೆಂದರೆ ನಮ್ಮ ಆಟ ಮುಗಿಯಿತು, ಹೊರಗೆ ಬಂದು ಕೂರಬೇಕು.

ಆ ಕೈ ಯಾರನ್ನೂ ಬಿಟ್ಟಿರಲಿಲ್ಲ. ಮಂಜನ ಮದುವೆಯಾದ ಹೊಸತರಲ್ಲಿ ಅವನ ಮಾವನ ಮನೆಯವರು ಕುಂದಾಣದಿಂದ ಅಳಿಯನ ಆಟ ನೋಡಲು ಬಂದಿದ್ದರು. ಪಾಪ, ಹೊಸ ಬೂಟು ಹಾಕಿಕೊಂಡು ಮಂಜ ಸರಿಯಾಗಿ ಬೆವರುವ ಮೊದಲೇ ಅಂಗೈ ಕೆಳಗಿಳಿಯಿತು. "ಭಾವಾ, ಮರ್ಯಾದೆ ಹೋಯ್ತದೆ!" ಎಂದು ಅಂಗಲಾಚಿದ. "ಮರ್ಯಾದೆ ಬೇಕಾದ್ರೆ ಮಾವನ ಪಕ್ಕ ಹೋಗಿ ಕೂತ್ಕೋ. ಇಲ್ಲಿ ಚೆಂಡು ಬೇಕು ಕಣ್ಲಾ," ಎಂದ ರಾಮಲಿಂಗಣ್ಣ. ಮಂಜ ಮಾವನ ಪಕ್ಕದಲ್ಲೇ ಕೂತ. ಆ ದಿನ ನಾವು ಗೆದ್ದೆವು, ಅದೇ ಕಷ್ಟ, ಬೈಯುವ ಹಾಗೂ ಇರಲಿಲ್ಲ.

ಚೆಂಡು ಗೋಡೆ ಹಾರಿ ಸ್ಮಶಾನಕ್ಕೆ ಬೀಳುವುದು ನಮಗೆ ಮಾಮೂಲಾಗಿತ್ತು. ಹಗಲಾದರೂ ನಾವು ಯಾರೂ ಹೋಗುತ್ತಿರಲಿಲ್ಲ. ಒಬ್ಬನಿಗೆ ಹೆಂಡತಿ ಬಸುರಿ ಅನ್ನುವ ನೆಪ, ಇನ್ನೊಬ್ಬನಿಗೆ ಮಾಲೆ ಹಾಕಿದ ನೆಪ. ರಾಮಲಿಂಗಣ್ಣ ಎಲ್ಲೇ ಆಡುತ್ತಿರಲಿ, ಅಲ್ಲಿಂದಲೇ ಓಡಿ ಬಂದು ಗೋಡೆ ಹತ್ತಿ ಆಚೆ ಧುಮುಕುತ್ತಿದ್ದ. "ಅಲ್ಲಿರೋರೆಲ್ಲ ನಮ್ ಪೇಟೆಯವ್ರೇ ಕಣ್ರಲಾ. ಚೆಂಡು ಇಟ್ಕೊಂಡು ಅವ್ರೇನ್ ಮಾಡ್ತಾರೆ?" ಎನ್ನುತ್ತಿದ್ದ. ಮೊದಲು ಚೆಂಡು ಗೋಡೆಯ ಮೇಲಿಂದ ಹಾರಿ ಬರುತ್ತಿತ್ತು. ಆಮೇಲೆ ಅವನು ಬರುತ್ತಿದ್ದ, ಪಂಚೆಗೆ ಅಂಟಿದ ಹುಲ್ಲು ಕೊಡವುತ್ತ. ಹೌದು, ಅಭ್ಯಾಸಕ್ಕೆ ಪಂಚೆಯಲ್ಲೇ ಬರುತ್ತಿದ್ದ ಪುಣ್ಯಾತ್ಮ.

ಹೋದ ವರ್ಷ ಶೆಡ್ಡಿನ ಬಾಗಿಲಲ್ಲಿ ಅವನು ಎದೆ ಹಿಡಿದುಕೊಂಡು ಕುಸಿದ. ಬೆಂಗಳೂರಿನ ಡಾಕ್ಟರು ಹೃದಯ ದುರ್ಬಲವಾಗಿದೆ, ಇನ್ನು ಓಡಕೂಡದು, ಆಟ ಸಾಕು ಎಂದರಂತೆ. ಇವನು ಕೇಳಿಸಿಕೊಂಡದ್ದು ಓಡಕೂಡದು ಅನ್ನುವುದನ್ನು ಮಾತ್ರ. ಮುಂದಿನ ಭಾನುವಾರ ಮೈದಾನಕ್ಕೆ ಬಂದವನೇ ನನ್ನ ಮುಂದೆ ಕೈ ಚಾಚಿದ. "ಗ್ಲೌಸ್ ಕೊಡ್ಲಾ ನಾಗ. ಗೋಲ್‌ನಲ್ಲಿ ನಿಂತೋನು ಎಲ್ಲಿ ಓಡ್ತಾನೆ?"

ನನ್ನ ಜಾಗ ಹೋಯಿತೆಂದು ನನಗೆ ಉರಿದುಹೋಯಿತು, ಸುಳ್ಳು ಯಾಕೆ ಹೇಳಲಿ. ಆದರೆ ಸಂಜೆ ಅವನ ಹೆಂಡತಿ ಸರೋಜಕ್ಕ ನಮ್ಮ ಮನೆ ಬಾಗಿಲಿಗೆ ಬಂದು ನಿಂತಾಗ ಆ ಉರಿ ತಣ್ಣಗಾಗಿ ಹೆದರಿಕೆ ಶುರುವಾಯಿತು. "ನೀನಾದ್ರೂ ನಿಲ್ಸಪ್ಪಾ ನಾಗ. ರಾತ್ರಿ ಅವ್ರು ಉಸ್ರು ತಗೊಳ್ಳೋ ಸದ್ದು ಕೇಳುದ್ರೆ ಜೀವ ಹೋಗ್ತದೆ ನಂಗೆ. ಹೇಳುದ್ರೆ, ನನ್ನ ಹೊರಗಡೆ ಕೂರ್ಸೋನು ಯಾವನು ಅಂತಾರೆ." ಅವಳು ಅಂದದ್ದು ನಿಜವೇ. ಎಲ್ಲರನ್ನೂ ಹೊರಗೆ ಕೂರಿಸಲು ಅವನಿದ್ದ. ಅವನನ್ನು ಕೂರಿಸಲು ನಮ್ಮಲ್ಲಿ ಯಾರೂ ಇರಲಿಲ್ಲ.

ಮಾರನೆಯ ದಿನ ಶೆಡ್ಡಿನಲ್ಲಿ ಮಗ್ಗಗಳೆಲ್ಲ ಓಡುತ್ತಿರುವಾಗ ನಾನು ಎದ್ದು ನಿಂತೆ. ಅವನು ನನ್ನ ಕಡೆ ನೋಡುವವರೆಗೂ ಕಾದು, ಅವನ ಕೈಯನ್ನೇ ಅವನಿಗೆ ಮಾಡಿ ತೋರಿಸಿದೆ. ಅಂಗೈ ಕೆಳಮುಖ, ಎರಡು ಸಲ. ಶೆಡ್ಡಿನವರೆಲ್ಲ ನೋಡಿದರು. ರಾಮಲಿಂಗಣ್ಣ ನಿಧಾನಕ್ಕೆ ನಡೆದು ಬಂದು ನನ್ನ ಕೈ ಹಿಡಿದು ಕೆಳಗಿಳಿಸಿದ. ಅವನ ಬೆರಳು ಐಸಿನ ಹಾಗೆ ತಣ್ಣಗಿದ್ದವು. ಕಿವಿಯ ಹತ್ತಿರ ಬಂದು ಅಂದ, "ಅದು ನನ್ ಕೈ ಕಣ್ಲಾ. ಟೈಮ್ ಬಂದಾಗ ನಾನೇ ಮಾಡ್ಕೋತೀನಿ." ಆಮೇಲೆ ತನ್ನ ಮಗ್ಗದ ಹತ್ತಿರ ಹೋಗಿ ಏನೂ ಆಗದವನ ಹಾಗೆ ಕೆಲಸಕ್ಕೆ ನಿಂತ. ಅಂದಿನಿಂದ ಅವನು ಗೋಲಿನಲ್ಲಿ ನಿಂತ ಪ್ರತಿ ಆಟದಲ್ಲೂ ನಾನು ಹೊರಗೆ ಕೂತು ನೋಡುತ್ತಿದ್ದದ್ದು ಚೆಂಡನ್ನಲ್ಲ, ಅವನನ್ನು.

ಕೊನೆಯ ಆಟ ದೇವನಹಳ್ಳಿಯ ಕಡೆಯ ಹುಡುಗರ ಜೊತೆ. ವಿಮಾನ ನಿಲ್ದಾಣದಲ್ಲಿ ಲಗೇಜು ಹೊರುವ ಗಟ್ಟಿ ಹುಡುಗರು, ಒದ್ದರೆ ಚೆಂಡು ಆಕಾಶಕ್ಕೆ ಹೋಗುತ್ತಿತ್ತು. ಸಂಜೆ ಮೋಡ ಕವಿದು ಗಾಳಿ ಪೂರ್ತಿ ನಿಂತಿತ್ತು. ಅವರ ಹುಡುಗನೊಬ್ಬ ಒದ್ದ ಚೆಂಡು ಗೋಲಿನ ಮೇಲಿಂದ ಹಾರಿ ಗೋಡೆಯಾಚೆ ಬಿತ್ತು. "ಬ್ಯಾಡ ಕಣಣ್ಣೋ, ನಾನ್ ಹೋಯ್ತೀನಿ," ಎಂದು ನಾನು ಕೂಗಿ ಏಳುವಷ್ಟರಲ್ಲಿ ಅವನು ಗೋಡೆ ಹತ್ತಿ ಆಗಿತ್ತು. ಹತ್ತಲು ಕಷ್ಟಪಟ್ಟ. ಆಚೆ ಇಳಿದು, ಚೆಂಡಿಗೆ ಬಗ್ಗಿ ಮರೆಯಾದ.

ಸ್ವಲ್ಪ ಹೊತ್ತಿಗೆ ಚೆಂಡು ಬಂತು. ಗೋಡೆಗೆ ತಗುಲಿಕೊಂಡೇ ಬಂದು, ಬಲೆಯ ಹಿಂದೆ ಪುಟಿಯದೆ ಬಿತ್ತು. ಅವನು ಬರಲಿಲ್ಲ. ಎಲ್ಲರೂ ಅತ್ತ ನೋಡುತ್ತಿರುವಾಗ ಗೋಡೆಯ ಮೇಲೆ ನನ್ನ ಗ್ಲೌಸ್ ಹಾಕಿದ ಒಂದು ಕೈ ಮಾತ್ರ ಕಾಣಿಸಿತು. ಅಂಗೈ ಕೆಳಮುಖವಾಗಿತ್ತು. ಗಾಳಿಯಲ್ಲಿ ಎರಡು ಸಲ ಒತ್ತಿತು.

"ಏನ್ ಭಾವಾ, ಅಲ್ಲೇ ಕೂತ್ಕೊಂಡು ಟೀಮ್ ನಡೆಸ್ತೀಯಾ?" ಎಂದು ಮಂಜ ನಕ್ಕ. ಆ ಕೈ ನಮ್ಮ ಯಾರ ಕಡೆಗೂ ತಿರುಗಿರಲಿಲ್ಲ. ಓಡಿ ಹೋಗಿ ಗೋಡೆ ಹಾರಿದೆ.

ಒಂದು ಸಮಾಧಿಯ ಕಲ್ಲಿನ ಮೇಲೆ ಕೂತಿದ್ದ. ಅಂಗಿ ಬೆವರಿಗೆ ಒದ್ದೆಯಾಗಿತ್ತು, ತುಟಿ ಬಿಳಿಚಿತ್ತು. "ಗೋಲ್‌ನಲ್ಲಿ ಯಾರವ್ರೆ?" ಎಂದು ಕೇಳಿದ.

"ಯಾರೂ ಇಲ್ಲ ಕಣಣ್ಣಾ. ಏಳು, ಆಸ್ಪತ್ರೆಗೆ ಹೋಗೋಣ."

"ಖಾಲಿ ಬಿಟ್ ಬಂದವ್ನೆ ನೋಡು, ಬಡ್ಡೀಮಗ." ಹಲ್ಲಿನಿಂದ ಕಚ್ಚಿ ಗ್ಲೌಸ್ ಎಳೆದು ನನ್ನ ಕೈಗೆ ಹಾಕಿದ. "ಹೋಗ್ ನಿಂತ್ಕೋ, ಹೋಗು."

ನಾನು ಹೋಗಲಿಲ್ಲ. ಮಂಜನೂ ನಾನೂ ಎತ್ತಿಕೊಂಡು ಆಟೊಗೆ ಹಾಕಿದೆವು. ರೈಲ್ವೆ ಗೇಟು ದಾಟುವಷ್ಟರಲ್ಲಿ ನನ್ನ ತೋಳಿನ ಮೇಲೆ ಅವನ ತಲೆ ಭಾರವಾಯಿತು. ಮಾರನೆಯ ದಿನ ಅದೇ ಗೋಡೆಯ ಪಕ್ಕ, ಆಚೆ ಕಡೆ, ಮಣ್ಣು ಮಾಡಿದೆವು. ನನಗೆ ಇವತ್ತಿಗೂ ಅವನ ಮೇಲೆ ಸಿಟ್ಟಿದೆ. ಅಷ್ಟು ಜನರ ಆಟ ಸರಿಯಾದ ಹೊತ್ತಿಗೆ ನಿಲ್ಲಿಸಿದವನು ತನ್ನದಕ್ಕೆ ಮಾತ್ರ ಅಷ್ಟು ತಡ ಮಾಡಿಬಿಟ್ಟ.

ಈಗ ಗೋಲಿನಲ್ಲಿ ನಾನೇ ನಿಲ್ಲುತ್ತೇನೆ. ಹೋದ ಭಾನುವಾರ ಚೆಂಡು ಮತ್ತೆ ಗೋಡೆ ಹಾರಿತು. ಯಾರೂ ಕದಲಲಿಲ್ಲ. ಮಂಜ, ಹುಡುಗರು, ನಾನು, ಎಲ್ಲರೂ ಗೋಡೆಯನ್ನೇ ನೋಡುತ್ತ ಸುಮ್ಮನೆ ನಿಂತೆವು, ಚೆಂಡು ತಾನಾಗಿ ಹಾರಿ ಬರುತ್ತದೆ ಅನ್ನುವ ಹಾಗೆ. ಕೊನೆಗೆ ಮಂಜ ಮೆಲ್ಲಗೆ, "ನೀನೇ ಹತ್ರ ಇದೀಯ ಕಣೋ ನಾಗ," ಎಂದ.

ಗೋಡೆ ಹತ್ತಿ ಆಚೆ ಇಳಿದೆ. ಚೆಂಡು ರಾಮಲಿಂಗಣ್ಣನ ಮಣ್ಣಿನ ಗುಡ್ಡೆಯ ಪಕ್ಕದಲ್ಲೇ ಬಿದ್ದಿತ್ತು. ಎತ್ತಿಕೊಂಡೆ. ಅವನ ಹಾಗೆ ಮೊದಲು ಚೆಂಡನ್ನು ಎಸೆಯಲು ಮಾತ್ರ ನನಗೆ ಧೈರ್ಯ ಬರಲಿಲ್ಲ, ಕಂಕುಳಲ್ಲಿ ಇಟ್ಟುಕೊಂಡೇ ಗೋಡೆ ಇಳಿದು ಬಂದೆ.