ನಾಲ್ಕು ವರ್ಷದ ತಡಕ್ಕೆ ನಾನು ಬರೆದ ಪಟ್ಟಿ

ಜುಲೈ ೧೭, ಗುರುವಾರ, ಬೆಳಗ್ಗೆ ಹನ್ನೊಂದು ಇಪ್ಪತ್ತು. ಹೈಕೋರ್ಟಿನಲ್ಲಿ ಅಕ್ಕನ ಅರ್ಜಿಯ ಸರದಿ ಬಂತು. ಒಟ್ಟು ಒಂಬತ್ತು ನಿಮಿಷ ನಡೆಯಿತು.

ತಿಲಕ್ ನಗರದ ನಮ್ಮ ಕೆಳಮನೆ ಅಂಕಲ್ ಅಕ್ಕನ ಮೇಲೆ ಕೊಟ್ಟಿರುವ ಕ್ರಿಮಿನಲ್ ದೂರನ್ನು ರದ್ದು ಮಾಡಿ ಎಂಬುದು ಅರ್ಜಿ. ನಾಲ್ಕು ವರ್ಷದ ಹಿಂದೆ ನೀರಿನ ಮೋಟರ್ ಆಫ್ ಮಾಡಿದ್ದಕ್ಕೆ ಮೆಟ್ಟಿಲ ಮೇಲೆ ಜಗಳವಾಗಿ ಅವರು ಬಿದ್ದರು, ಬಲಗೈ ಮೂಳೆ ಮುರಿಯಿತು. ಅಕ್ಕ ತಳ್ಳಿದಳು ಎಂದು ಅವರ ದೂರು. ಮೆಟ್ಟಿಲು ಒದ್ದೆಯಾಗಿತ್ತು, ಜಾರಿದರು ಎಂದು ನಮ್ಮ ಅರ್ಜಿ. ಈಗ ಅಕ್ಕನಿಗೆ ಸರ್ಕಾರಿ ಶಾಲೆಯಲ್ಲಿ ಕೆಲಸ ಸಿಕ್ಕಿದೆ. ಪೊಲೀಸ್ ಪರಿಶೀಲನೆಯಲ್ಲಿ ಈ ಕೇಸ್ ಕಾಣಿಸಿದ್ದರಿಂದ ನೇಮಕದ ಆದೇಶ ನಿಂತಿದೆ.

ಹೈಕೋರ್ಟಿಗೆ ಬರಲು ಇಷ್ಟು ತಡವಾದದ್ದು ರಾಜಿ ಆಗಿಯೇ ಆಗುತ್ತದೆ ಎಂಬ ಅಮ್ಮನ ನಂಬಿಕೆಯಿಂದ. ಸಂಕ್ರಾಂತಿಗೆ ಎಳ್ಳು, ಯುಗಾದಿಗೆ ಒಬ್ಬಟ್ಟು, ಹಬ್ಬಕ್ಕೊಂದು ತಟ್ಟೆ ಹಿಡಿದು ಕೆಳಮನೆಗೆ ಹೋಗುತ್ತಿದ್ದಳು. ಅವರು ಬೇಡ ಅನ್ನಲಿಲ್ಲ. ಖಾಲಿ ತಟ್ಟೆ ಕಳಿಸಬಾರದೆಂದು ಆಂಟಿ ಎರಡು ಬಾಳೆಹಣ್ಣು ಇಟ್ಟು ಕೊಡುತ್ತಿದ್ದರು. ಆ ಬಾಳೆಹಣ್ಣನ್ನೇ ಅಮ್ಮ ರಾಜಿ ಎಂದುಕೊಂಡಳು. ಹದಿನಾಲ್ಕು ಭೇಟಿಗಳಲ್ಲಿ ಒಂಬತ್ತು ಸಲ ಅಂಕಲ್ "ನೋಡೋಣ ಬಿಡಮ್ಮ" ಎಂದಿದ್ದಾರೆ. ಅಷ್ಟರಲ್ಲಿ ಕೆಳಗಿನ ಕೋರ್ಟಿನಲ್ಲಿ ಇಬ್ಬರು ಸಾಕ್ಷಿಗಳ ಹೇಳಿಕೆಯೂ ಮುಗಿದಿತ್ತು.

ಅರ್ಜಿ ಹಾಕಿಸಲು ಹೋದಾಗ ಜಯನಗರದ ನಮ್ಮ ವಕೀಲೆ ಇದನ್ನು ಕೇಳಿ ನಕ್ಕಿದ್ದರು. "ನಾಲ್ಕು ವರ್ಷ ಒಬ್ಬಟ್ಟು ಹಂಚ್ತಾ ಕೂತಿದ್ರಾ? ತಡ ಆಯ್ತು ಅಂದ ಮಾತ್ರಕ್ಕೆ ಅರ್ಜಿ ಬಿದ್ದೋಗಲ್ಲ. ಆದ್ರೆ ಯಾಕೆ ಅಂತ ಜಡ್ಜ್ ಕೇಳೇ ಕೇಳ್ತಾರೆ. ಡೇಟ್ ಏನಾದ್ರೂ ಬರೆದಿಟ್ಟಿದೀರಾ?"

"ಹಾಲಿನವ್ನು ಎಷ್ಟೊತ್ತಿಗೆ ಬಂದ ಅಂತಾನೂ ಬರೀತಾಳೆ ಮೇಡಂ ಇವ್ಳು," ಎಂದು ಅಕ್ಕ ನನ್ನ ಭುಜಕ್ಕೆ ಗುದ್ದಿದಳು.

ಮನೆಗೆ ಬಂದು ಹಳೆಯ ಡೈರಿಗಳನ್ನು ತೆಗೆದೆ. ಮೊದಲು ಸಿಕ್ಕಿದ್ದು ಜಗಳದ ದಿನದ ಪುಟ. "ಸಂಜೆ ೬.೪೦. ಮೋಟರ್ ಜಗಳ. ಅಕ್ಕ ಎರಡೂ ಕೈಯಿಂದ ತಳ್ಳಿದಳು. ಅಂಕಲ್ ಮೂರು ಮೆಟ್ಟಿಲು ಕೆಳಗೆ ಬಿದ್ದರು." ಬಾಗಿಲಲ್ಲಿ ನಿಂತು ನೋಡಿದ್ದು ನಾನೇ. ಆಮೇಲೆ ಮನೆಯಲ್ಲಿ ಎಲ್ಲರೂ ಜಾರಿದರು, ಜಾರಿದರು ಎಂದು ಹೇಳಿ ಹೇಳಿ ನನಗೂ ಅದೇ ಅಭ್ಯಾಸವಾಗಿಬಿಟ್ಟಿತ್ತು.

ಪುಟವನ್ನು ಅಕ್ಕನ ಮುಂದಿಟ್ಟೆ. ಓದಿದಳು. ಮುಖ ಎತ್ತಲಿಲ್ಲ.

"ಮೇಡಂ ಕೇಳಿದ್ದು ನಾವು ರಾಜಿಗೆ ಹೋದ ದಿನ ಅಲ್ವಾ? ಇದು ಅದ್ರಲ್ಲಿ ಬರಲ್ಲ ಕಣೇ."

ಅದು ನಿಜವೇ. ಆ ಪುಟ ಬಿಟ್ಟು ಹದಿನಾಲ್ಕು ಭೇಟಿಗಳನ್ನು ದಿನಾಂಕದೊಂದಿಗೆ ಇಳಿಸಿದೆ. ಕೆಳಗೆ "ನನ್ನ ದಿನಚರಿಯಿಂದ" ಎಂದು ಬರೆದು ಸಹಿ ಹಾಕಿದೆ.

ನ್ಯಾಯಾಧೀಶರು ಆ ಪಟ್ಟಿಯನ್ನು ಓದಿದರು. ತಡಕ್ಕೆ ಕೊಟ್ಟ ಕಾರಣವನ್ನು ಒಪ್ಪಿದರು. ಆದರೆ ದೂರನ್ನು ಓದಿದರೆ ಮೇಲ್ನೋಟಕ್ಕೆ ಅಪರಾಧ ಕಾಣುತ್ತದೆ, ಸಾಕ್ಷಿ ವಿಚಾರಣೆಯೂ ಶುರುವಾಗಿದೆ, ತಳ್ಳಿದ್ದೋ ಜಾರಿದ್ದೋ ಎಂಬುದನ್ನು ಅಲ್ಲೇ ತೀರ್ಮಾನಿಸಲಿ ಎಂದರು. ಅರ್ಜಿ ವಜಾ ಆಯಿತು. ಆರು ತಿಂಗಳಲ್ಲಿ ವಿಚಾರಣೆ ಮುಗಿಸಬೇಕೆಂದು ಕೆಳಗಿನ ಕೋರ್ಟಿಗೆ ಸೂಚನೆ ಕೊಟ್ಟರು.

ಹೊರಗೆ ಕಾರಿಡಾರಿನಲ್ಲಿ ವಕೀಲೆ ಕೇಳಿದರು: "ಅವತ್ತು ನಿಮ್ಮ ಕಡೆಯವ್ರು ಯಾರು ನೋಡಿದ್ದು?"

ಅಮ್ಮ ನನ್ನನ್ನು ತೋರಿಸಿದಳು. "ಇವ್ಳೇ. ಬಾಗ್ಲಲ್ಲೇ ಇದ್ಲು."

"ಹಾಗಾದ್ರೆ ನಮ್ಮ ಸಾಕ್ಷಿ ನೀವೇ. ಬರೆದಿಡೋ ಹುಡುಗಿ ಅಂತ ಜಡ್ಜ್‌ಗೂ ನಂಬಿಕೆ ಬರುತ್ತೆ."

ಮೆಟ್ರೋದಲ್ಲಿ ಜಯನಗರದವರೆಗೂ ಅಕ್ಕ ನನ್ನ ಕೈ ಹಿಡಿದೇ ಇದ್ದಳು. ಜೋಪಾನ ಮಾಡುತ್ತಿದ್ದಾಳೋ, ಬೇಡಿಕೊಳ್ಳುತ್ತಿದ್ದಾಳೋ ನನಗೆ ಗೊತ್ತಾಗಲಿಲ್ಲ.

ಅದಕ್ಕೇ ಯಾರ ಹೆಸರೂ ಹಾಕದೆ ಇದನ್ನು ಬರೆದಿದ್ದೇನೆ. ಪಟ್ಟಿಗೆ ಸಹಿ ಹಾಕಿದವಳ ಪೂರ್ತಿ ಡೈರಿಯನ್ನು ಎದುರು ಕಡೆಯವರು ಕೋರ್ಟಿಗೆ ತರಿಸಬಹುದೇ? ತಂಗಿಯಾದವಳು ಸಾಕ್ಷಿ ಹೇಳಲಾರೆ ಎನ್ನಬಹುದೇ? ಇದ್ದದ್ದನ್ನು ಹೇಳಿಯೂ ಅಕ್ಕನ ಕೆಲಸ ಉಳಿಯುವ ದಾರಿ ಏನಾದರೂ ಇದೆಯೇ? ಬಲ್ಲವರು ಯಾರಾದರೂ ಇದ್ದರೆ ದಯವಿಟ್ಟು ಎರಡು ಸಾಲು ಬರೆಯಿರಿ.