ಮಾಷ್ಟ್ರ ಮೂಕಿ ರೀಲಿನಲ್ಲಿ ಕಂಡವನು

ಸತ್ತವರು ಕಂಡರು ಎನ್ನುವವರನ್ನು ಎದುರಿಗೇ ಗೇಲಿ ಮಾಡುತ್ತಿದ್ದವನು ನಾನು. ಈಗಲೂ ಅದನ್ನೆಲ್ಲ ನಂಬಿದೆನೆಂದಲ್ಲ. ಆದರೆ ಕುಂಭಾಶಿಯಲ್ಲಿ ಒಂದು ಭಾನುವಾರ ಮಧ್ಯಾಹ್ನ ಕಂಡದ್ದನ್ನು ಏನೆಂದು ಕರೆಯಲಿ?

ನಮ್ಮೂರು ನಾವುಂದ, ನಮ್ಮದು ಕಡಲನ್ನೇ ನಂಬಿದ ಮನೆ. ಅಣ್ಣ ಗಣಪ ಮೀನಿಗೆ ಹೋದವನು ತಿರುಗಿ ಬರಲಿಲ್ಲ. ದೋಣಿ ಸಿಕ್ಕಿತು, ಅವನು ಸಿಗಲಿಲ್ಲ. ಹೆಣ ಕಾಣದೆ ಬೊಜ್ಜ ಮಾಡಲು ಅಮ್ಮ ಸುತರಾಂ ಒಪ್ಪಲಿಲ್ಲ. ವರ್ಷಗಳು ಕಳೆದರೂ ರಾತ್ರಿ ಅವನ ಪಾಲಿನ ಅನ್ನ ತೆಗೆದಿಡುತ್ತಿದ್ದಳು. ಆ ಉತ್ತರಕ್ರಿಯೆಯನ್ನು ಮುಗಿಸೋಣ ಎಂದು ಗೋಗರೆದು ಗೋಗರೆದು ನನಗೆ ಸಾಕಾಗಿಹೋಗಿತ್ತು.

ಕುಂಭಾಶಿಯಲ್ಲಿ ಪರಿಚಯದ ನಿವೃತ್ತ ಮಾಷ್ಟ್ರೊಬ್ಬರಿದ್ದಾರೆ. ಹಳೆಯ ಫಿಲ್ಮ್ ರೀಲು ಕೂಡಿಹಾಕುವುದು ಅವರ ಹುಚ್ಚು. ಸುಮಾರು ನೂರು ವರ್ಷದ ಹಿಂದೆ ಯಾರೋ ಬಿಳಿಯರು ಊರೂರು ಸುತ್ತಿ ಬೆಟ್ಟ, ಹೊಳೆ, ಕಡಲು ಎಂದು ತೆಗೆದ ಮೂಕಿ ಚಿತ್ರವೊಂದು ಅವರ ಕೈಗೆ ಬಂದಿತ್ತು. ಯಾವ ಊರಿನ ದಂಡೆಯೆಂದು ಗುರುತು ಹಿಡಿಯಲಿಕ್ಕೆ ಅಮ್ಮನನ್ನೂ ಕರೆದುಕೊಂಡು ಬರಲು ಹೇಳಿದರು.

ಕಿಟಕಿ ಮುಚ್ಚಿ ಗೋಡೆಯ ಮೇಲೆ ತೋರಿಸಿದರು. ತೆಂಗು, ಬಂಡೆ, ಅಲೆ, ಮತ್ತೆ ಅಲೆ. ಸದ್ದೂ ಇಲ್ಲ. ನನಗೆ ಆಕಳಿಕೆ. ಅಷ್ಟರಲ್ಲಿ ದೋಣಿಗೆ ಒರಗಿ ನಿಂತವನೊಬ್ಬ ಮುಂಡಾಸು ಕಟ್ಟಿಕೊಂಡ, ಎಡಗಿವಿಯನ್ನು ಹೊರಗೆ ಬಿಟ್ಟು. ಮುಚ್ಚಿದರೆ ನೋಯುತ್ತದೆಂದು ಅಣ್ಣ ಕಟ್ಟುತ್ತಿದ್ದುದೂ ಹಾಗೆಯೇ. ಕಟ್ಟಿ ಮುಗಿಸಿ ಅವನು ನಮ್ಮತ್ತ ತಿರುಗಿದ.

"ಮಗಾ, ಅದ್ ನಮ್ ಗಣಪ ಅಲ್ದಾ?" ಅಮ್ಮ ನನ್ನ ಕೈ ಹಿಡಿದಳು.

ನನ್ನ ಮೈ ಉರಿದುಹೋಯಿತು. ಅಣ್ಣ ಕಾಣೆಯಾದಾಗ ಅವನ ಫೋಟೊ ಪೇಪರಿನಲ್ಲಿ ಬಂದಿತ್ತು. ಅದನ್ನೇ ಕಂಪ್ಯೂಟರಿನಲ್ಲಿ ಸೇರಿಸಿ ನಮ್ಮ ಹೊಟ್ಟೆ ಉರಿಸುತ್ತಿದ್ದೀರಾ ಎಂದು ಮಾಷ್ಟ್ರನ್ನೇ ನೇರವಾಗಿ ಕೇಳಿಬಿಟ್ಟೆ.

ಮಾಷ್ಟ್ರು ಸಿಟ್ಟಾಗಲಿಲ್ಲ. ರೀಲು ಬಿಚ್ಚಿ ನನ್ನ ಕೈಗೇ ಕೊಟ್ಟರು. "ಬೇಕಾರೆ ನೀವೇ ಹಿಡ್ಕಂಡ್ ಕಾಣಿ."

ಕಿಟಕಿ ತೆರೆದು ಬೆಳಕಿಗೆ ಹಿಡಿದೆ. ಕಂದುಬಣ್ಣಕ್ಕೆ ತಿರುಗಿ ಸುರುಟಿದ ಫಿಲ್ಮು. ಉಗುರಿನಷ್ಟು ಚೌಕದಲ್ಲಿ ಅವನು ನಿಂತೇ ಇದ್ದ.

ಬಸ್ಸಿನಲ್ಲಿ ಅಮ್ಮ ಅಳಲಿಲ್ಲ. ಮನೆ ಹತ್ತಿರವಾದಾಗ ಹೇಳಿದಳು: "ಅಷ್ಟ್ ಹಿಂದ್ ಹೋದವ ಇನ್ನ್ ಬಪ್ಪುದಿಲ್ಲ ಮಗಾ. ಬೊಜ್ಜ ಮಾಡುವ."

ಹೋಲಿಕೆ ಇರಬಹುದು, ಮಾಷ್ಟ್ರ ಕೈಚಳಕವೇ ಇರಬಹುದು. ನನ್ನ ಅನುಮಾನ ಇವತ್ತಿಗೂ ಹೋಗಿಲ್ಲ. ಯಾರ ಮೇಲೆ ಅನುಮಾನ ಎಂಬುದೇ ಗೊತ್ತಾಗುತ್ತಿಲ್ಲ.

ಬೊಜ್ಜದ ದಿನ ಪುರೋಹಿತರು ತೀರಿಕೊಂಡವರ ಹೆಸರು ಹೇಳಿ ಎಂದರು. ಇಷ್ಟು ವರ್ಷ ಅದಕ್ಕಾಗಿ ಹಟ ಹಿಡಿದಿದ್ದ ನನ್ನ ಬಾಯಿಂದ ಹೆಸರು ಹೊರಡಲೇ ಇಲ್ಲ. ಕೊನೆಗೆ ನನ್ನ ಬೆನ್ನ ಹಿಂದಿನಿಂದ ಅಮ್ಮನೇ ಹೇಳಿದಳು.