ಬೂಟು ಬಿಚ್ಚಿಸಿದ ಬೀದಿ

ಆವತಿಯ ಪಿಳ್ಳಣ್ಣ ಗುರುವಾರ ತೀರಿಕೊಂಡರು. ಭಾನುವಾರ ಬರುತ್ತೇನೆಂದು ಪ್ರಮೋದಾ ಅವರಿಗೆ ಹೇಳಿ ಕಳಿಸಿದ್ದಳು. ಎಪ್ಪತ್ತೊಂದರ ಯುದ್ಧಕ್ಕೆ ಹೋಗಿಬಂದಿದ್ದ ಮನುಷ್ಯ, ಒಂದು ಮಾತೂ ದಾಖಲಾಗದೆ ಮಣ್ಣಾದರು. ಅಂದಿನಿಂದ ಅವಳಿಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಟಿಕೆಟ್ ಕೊಡುವಾಗಲೂ ಯಾರೋ ಎಲ್ಲೋ ಕೊನೆಯುಸಿರು ಎಳೆಯುತ್ತಿದ್ದಾರೆ ಎನ್ನಿಸುತ್ತಿತ್ತು.

ಪ್ರಮೋದಾ ದೇವನಹಳ್ಳಿ ತಾಲ್ಲೂಕಿನ ವಿಜಯಪುರದಿಂದ ದೇವನಹಳ್ಳಿಗೆ ಓಡುವ ಸರ್ಕಾರಿ ಬಸ್ಸಿನ ಕಂಡಕ್ಟರ್. ಅವಳ ಅಪ್ಪ ಲಕ್ಷ್ಮಯ್ಯನೂ ಸೈನ್ಯದಲ್ಲಿದ್ದವನು. ಅವಳಿಗೆ ಏಳು ವರ್ಷವಿದ್ದಾಗಲೇ ಸತ್ತ. ಎರಡು ವರ್ಷದ ಹಿಂದೆ ಊರಲ್ಲಿ ಮಾಜಿ ಸೈನಿಕರ ಹೆಸರಿನ ಫಲಕ ಹಾಕಿಸಿದರು. ಹನ್ನೊಂದು ಹೆಸರು. ಅವಳ ದಲಿತ ಕೇರಿಯದು ಒಂದೂ ಇರಲಿಲ್ಲ.

"ನಿಮ್ಮೋರೂ ಹೋಗಿದ್ರಾ? ಗೊತ್ತೇ ಇರ್ಲಿಲ್ಲ ಬಿಡಮ್ಮ," ಎಂದರು ಹಾಕಿಸಿದವರು.

ಆ ಮಾತು ಕೋಪಕ್ಕಿಂತ ದಿಗಿಲನ್ನೇ ಹೆಚ್ಚು ಹುಟ್ಟಿಸಿತು. ಸುತ್ತಲಿನ ಕೇರಿಗಳಲ್ಲಿ ವಿಚಾರಿಸಿ ಅವಳು ಒಂಬತ್ತು ಜನ ಸೈನಿಕರನ್ನು ಹುಡುಕಿದಳು. ರಜೆ ಸಿಕ್ಕಾಗ ಹೋಗಿ ಅವರ ಮಾತನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ, ಮನೆಗೆ ಬಂದು ಬರೆದಿಡುತ್ತಿದ್ದಳು.

ಅವಳದೇ ಊರಿನ ಚಲಪತಿಗೆ ಎಪ್ಪತ್ತೆಂಟು. ಮೂರು ಸಲ ಕೂತರೂ ನದಿಗೆ ಸೇತುವೆ ಕಟ್ಟಿದ್ದು, ಹಿಮದಲ್ಲಿ ಬೆರಳು ಮರಗಟ್ಟಿದ್ದು, ಇಷ್ಟೇ ಹೇಳಿದ್ದರು. ರಜೆಗೆ ಊರಿಗೆ ಬಂದ ಮಾತೆತ್ತಿದರೆ ಎದ್ದುಬಿಡುತ್ತಿದ್ದರು. ಪಿಳ್ಳಣ್ಣನನ್ನು ಮಣ್ಣು ಮಾಡಿದ ಮರುದಿನ ಪ್ರಮೋದಾ ರಜೆ ಹಾಕಿ ನೇರ ಅವರ ಮನೆಗೆ ನಡೆದಳು.

"ಭಾನುವಾರ ಬಾ ಕಣಮ್ಮ."

"ಪಿಳ್ಳಣ್ಣ ತಾತಂಗೂ ಭಾನುವಾರ ಅಂದಿದ್ದೆ. ಇನ್ನು ಕಾಯಕ್ಕಾಗಲ್ಲ ತಾತ."

ಚಲಪತಿ ಕೊನೆಗೂ ಬಾಯಿಬಿಟ್ಟರು. ಯುದ್ಧ ಮುಗಿದು ಮೊದಲ ರಜೆಗೆ ಅವರು ಯೂನಿಫಾರಂನಲ್ಲೇ ಬಸ್ಸಿಳಿದಿದ್ದರು. ಎದುರುಗೊಳ್ಳಲು ಹೆಂಡತಿ ಸೊಣ್ಣಮ್ಮ ಬಂದಿದ್ದರು. ಮೇಲಿನ ಬೀದಿಯ ಜಗಲಿಯೊಂದರಿಂದ ಕೂಗು ಬಂತು: "ಏನ್ಲಾ, ಬೂಟು ಹಾಕ್ಕೊಂಡು ನಮ್ ಬೀದೀಲಿ ನಡೀತೀಯ?"

"ಬಿಚ್ಬಿಟ್ಟೆ ಕಣಮ್ಮ. ಗುಂಡಿಗೆ ಹೆದರ್ದೇ ಇದ್ದೋನು ಅವತ್ತು ಬಗ್ಗಿ ಲೇಸ್ ಬಿಚ್ಚಿದೆ." ಅಷ್ಟಕ್ಕೇ ಅವರು ಏಳಲು ಹೋದರು.

ಬಾಗಿಲಲ್ಲಿ ನಿಂತಿದ್ದ ಸೊಣ್ಣಮ್ಮ ಹೊರಗೆ ಬಂದರು. "ಅರ್ಧ ಹೇಳಿ ನಿಲ್ಲಿಸ್ಬೇಡಿ. ಆ ಬೂಟ ನಾನು ಎದೆಗೆ ಅವುಚ್ಕೊಂಡು ಬೀದಿ ಪೂರ್ತಿ ನಡೆದೆ. ತಲೆ ಬಗ್ಗಿಸ್ಲಿಲ್ಲ. ಅದ್ನೂ ಬರ್ಕೊಳವ್ವ."

ಚಲಪತಿ ಹೆಂಡತಿಯನ್ನು ದಿಟ್ಟಿಸಿದರು. "ನಂಗೆ ಗೊತ್ತೇ ಇರ್ಲಿಲ್ಲ ಕಣೆ. ನಾನು ನೆಲ ನೋಡ್ಕೊಂಡು ನಡೀತಿದ್ದೆ."

"ಇದನ್ನ ಇಟ್ಕೊಳ್ಳಲಾ, ಅಳಿಸ್ಬಿಡ್ಲಾ ತಾತ?" ಎಂದಳು ಪ್ರಮೋದಾ, ರೆಕಾರ್ಡ್ ಆಗುತ್ತಿದ್ದ ಮೊಬೈಲು ತೋರಿಸಿ.

"ಇಟ್ಕೊ. ಆ ಬೀದಿಯೋರ್ಗೂ ಕೇಳೋ ಹಂಗೆ ಓದು."

ಗಣರಾಜ್ಯೋತ್ಸವದ ದಿನ ಶಾಲೆಯಂಗಳದಲ್ಲಿ ಪ್ರಮೋದಾ ಅದನ್ನು ಓದಿದಳು. ಮೇಲಿನ ಬೀದಿಯ ನಾಲ್ಕೈದು ಜನ ಎದ್ದುಹೋದರು. ಉಳಿದವರು ಕೂತು ಕೇಳಿದರು. ಚಲಪತಿ, ಸೊಣ್ಣಮ್ಮ ಇಬ್ಬರೂ ಮುಂದಿನ ಸಾಲಿನಲ್ಲಿದ್ದರು. ಫಲಕಕ್ಕೆ ಹೆಸರು ಸೇರಿಸುವ ಬಗ್ಗೆ ಮಾತ್ರ ಯಾರೂ ಉಸಿರೆತ್ತಲಿಲ್ಲ.

ಹಂಚಿದ ಲಾಡನ್ನು ಕೈಯಲ್ಲೇ ಹಿಡಿದುಕೊಂಡು ಪ್ರಮೋದಾ ಬಸ್ ನಿಲ್ದಾಣಕ್ಕೆ ಓಡಿದಳು. ಸೋಂಪುರದ ಕಾರ್ಖಾನೆಯಲ್ಲಿ ಕಾವಲು ಕೆಲಸ ಮಾಡುತ್ತಿದ್ದ ಇನ್ನೂ ಮಾತು ದಾಖಲಾಗದಿದ್ದ ಕೆಂಪರಾಜ್ ಎಂಬ ಮಾಜಿ ಸೈನಿಕರಿಗೆ ಎರಡು ದಿನದಿಂದ ಜ್ವರ ಎಂದು ಸುದ್ದಿ ಬಂದಿತ್ತು.